ಸೀರೆ ಒಂದೂರಿನದು, ಕಣ ಇನ್ನೊಂದೂರಿನದು

ಬಾದಾಮಿಗೆ ಹೋದವರು ಬನಶಂಕರಿಯಲ್ಲಿ ರೊಟ್ಟಿ ತಿನ್ನದೆ ಬರಬಾರದು. ಗುಡಿಯ ಎದುರಿನ ಹೊಂಡದ ಸುತ್ತ ಹೆಂಗಸರು ಬುಟ್ಟಿ ಇಟ್ಟುಕೊಂಡು ಕೂತಿರುತ್ತಾರೆ. ಜೋಳದ ರೊಟ್ಟಿ, ಪುಂಡಿಪಲ್ಯ, ಕಾಳುಪಲ್ಯ, ಶೇಂಗಾ ಚಟ್ನಿ, ಕೆಂಪು ಖಾರ, ಕುಡಿಕೆಯಲ್ಲಿ ಗಟ್ಟಿ ಮೊಸರು. ನಾನು ಶಿವಮೊಗ್ಗದ ಕಡೆಯವಳು, ಖಾರಕ್ಕೆ ಕಣ್ಣೀರು ಹಾಕುತ್ತಲೇ ತಿಂದೆ. ನಮ್ಮ ಅತ್ತೆ ಗದಗದವರು. ಅವರ ಕಣ್ಣು ತಟ್ಟೆಯ ಮೇಲಿರಲಿಲ್ಲ, ಬಡಿಸುತ್ತಿದ್ದ ಹೆಂಗಸಿನ ಸೆರಗಿನ ಮೇಲಿತ್ತು.

"ಸೀರಿ ಇಳಕಲ್ ನಮೂನಿ, ಕುಬಸದ ಕಣ ಗುಳೇದಗುಡ್ಡದ ನಮೂನಿ. ಆದ್ರ ಸೆರಗಿಗೆ ಕೊಂಡಿ ಇಲ್ಲ ನೋಡು" ಅಂದರು. ಕುಬಸ ಅಂದರೆ ರವಿಕೆ, ಕಣ ಅದನ್ನು ಹೊಲಿಯುವ ಬಟ್ಟೆ. ಕೊಂಡಿ ಅಂದರೆ ಸೀರೆಯ ಮೈಯನ್ನೂ ಸೆರಗನ್ನೂ ಎಳೆಗೆ ಎಳೆ ಸಿಕ್ಕಿಸುವ ಜೋಡಣೆ.

ಆಕೆ ನಕ್ಕಳು. "ಮುನ್ನೂರು ರೂಪಾಯಿ ಸೀರಿಗೆ ಕೊಂಡಿ ಯಾರ್ ನೋಡ್ತಾರ ಯವ್ವಾ? ಇನ್ನೊಂದು ರೊಟ್ಟಿ ಹಾಕ್ಲಾ?"

ನಮಗೆ ಬೇಕಾಗಿದ್ದೂ ಸೀರೆಯೇ. ಅತ್ತೆಯ ತಮ್ಮನ ಮಗಳಿಗೆ ಏಳನೇ ತಿಂಗಳು. ಆ ಕಡೆ ಚೊಚ್ಚಲ ಬಸುರಿಗೆ ಸೀಮಂತ ಮಾಡುತ್ತಾರೆ, ಅದಕ್ಕೂ ಕುಬಸ ಅಂತಲೇ ಹೆಸರು. ತವರಿನವರು ಸೀರೆ, ಕಣ ಕೊಟ್ಟು ಉಡಿ ತುಂಬುತ್ತಾರೆ. ಗದಗದ ಅಂಗಡಿಯಲ್ಲೇ ಎರಡೂ ಸಿಗುತ್ತಿದ್ದವು. ಆದರೆ ಅತ್ತೆಗೆ ಅವು ಹುಟ್ಟಿದ ಜಾಗಕ್ಕೇ ಹೋಗಿ ತರಬೇಕು ಅಂತ ಹಟ. ಹೀಗೆ ಕಣಕ್ಕೆ ಗುಳೇದಗುಡ್ಡ, ಸೀರೆಗೆ ಇಳಕಲ್ ಅಂತ ಹೊರಟೆವು. ದಾರಿಯಲ್ಲಿ ಬನಶಂಕರಿಗೆ ಕೈ ಮುಗಿಯದೆ ಮುಂದೆ ಹೋಗುವ ಹಾಗಿಲ್ಲ. ಈ ಅಮ್ಮ ದೇವಾಂಗ ನೇಕಾರರ ಕುಲದೇವತೆ.

ಬನದ ಹುಣ್ಣಿಮೆ ಕಳೆದಿತ್ತು, ಜಾತ್ರೆ ಇನ್ನೂ ನಡೆದಿತ್ತು. ಇಲ್ಲಿಯ ಜಾತ್ರೆ ತೇರು ಎಳೆದ ದಿನಕ್ಕೆ ಮುಗಿಯುವುದಿಲ್ಲ. ನಾಟಕ ಕಂಪನಿಗಳು ಟೆಂಟ್ ಹಾಕಿ ವಾರಗಟ್ಟಲೆ ಕೂತಿರುತ್ತವೆ. ಹುಣ್ಣಿಮೆಯ ಹಿಂದಿನ ದಿನ ದೇವಿಗೆ ನೂರೆಂಟು ಬಗೆಯ ಪಲ್ಯ ಮಾಡಿ ಎಡೆ ಹಿಡಿಯುತ್ತಾರೆ. ಅದಕ್ಕೇ ಅದು ಪಲ್ಯದ ಹಬ್ಬ. ನಾವು ಹೋಗುವಷ್ಟರಲ್ಲಿ ಪಲ್ಯ ಖಾಲಿ, ನಾಟಕದ ಪೋಸ್ಟರ್‌ಗಳು ಮಾತ್ರ ಗೋಡೆ ತುಂಬ.

ಬಾದಾಮಿಯಿಂದ ಗುಳೇದಗುಡ್ಡಕ್ಕೆ ಬಸ್ಸಿನಲ್ಲಿ ಮುಕ್ಕಾಲು ಗಂಟೆ. ಕೆಂಪು ಬಂಡೆಯ ಗುಡ್ಡದ ಬುಡದಲ್ಲಿ ಒತ್ತೊತ್ತಾಗಿ ಬೆಳೆದ ಊರು. ಪ್ರವಾಸಿಗಳು ಇಲ್ಲಿ ಇಳಿಯುವುದಿಲ್ಲ. ಬಾದಾಮಿಯ ಗುಹೆ, ಪಟ್ಟದಕಲ್ಲು, ಐಹೊಳೆ ಅಂತ ಕಲ್ಲು ನೋಡಿಕೊಂಡು ಅವರ ಕಾರು ಸುಮ್ನೆ ಮುಂದೆ ಹೋಗುತ್ತದೆ. ಕಲ್ಲಿನ ಮೇಲೆ ನನಗೆ ಸಿಟ್ಟಿಲ್ಲ. ಪಟ್ಟದಕಲ್ಲಿಗೆ 1987ರಲ್ಲೇ ಯುನೆಸ್ಕೋ ಗೌರವ ಸಿಕ್ಕಿದೆ, ಅದು ಇನ್ನೂ ಸಾವಿರ ವರ್ಷ ಅಲ್ಲೇ ಇರುತ್ತದೆ. ಮಗ್ಗಕ್ಕೆ ಅಷ್ಟು ಪುರುಸೊತ್ತಿಲ್ಲ.

ಓಣಿಯೊಳಗೆ ಹೊಕ್ಕರೆ ಸದ್ದಿನಲ್ಲೇ ಗೊತ್ತಾಗುತ್ತದೆ, ಯಾವ ಮನೆಯಲ್ಲಿ ಏನಿದೆ ಅಂತ. ಪವರ್‌ಲೂಮ್‌ನದು ಬಿಡುವಿಲ್ಲದ ಗಡಗಡ. ಕೈಮಗ್ಗದ ಸದ್ದು ನಿಂತು ನಿಂತು ಬರುತ್ತದೆ. ನಡುವೆ ಎಳೆ ಕಡಿಯುತ್ತದೆ, ಯಾರೋ ಮಾತಾಡಿಸುತ್ತಾರೆ, ಚಹಾ ಬರುತ್ತದೆ. ಕೈಮಗ್ಗದ ಮನೆ ಹುಡುಕಲು ನಾವು ಸುಮಾರು ಹೊತ್ತು ಅಲೆಯಬೇಕಾಯಿತು.

ಇನ್ನು ಕಣದ ಮಾತು. ಖಣ ಅಂತಲೂ ಬರೆಯುತ್ತಾರೆ. ಹಳೆಯ ಪದ್ಧತಿಯ ಕಣಕ್ಕೆ ಹಾಸು ರೇಷ್ಮೆ, ಹೊಕ್ಕು ಹತ್ತಿ. ಹಾಸು ಅಂದರೆ ಮಗ್ಗದ ಉದ್ದಕ್ಕೆ ಬಿಗಿದ ಎಳೆ, ಹೊಕ್ಕು ಅಂದರೆ ಲಾಳಿ ಅಡ್ಡಡ್ಡ ಒಯ್ಯುವ ಎಳೆ. ಬಟ್ಟೆ ತುಂಬ ಕಾಣುವ ಸಣ್ಣ ಸಣ್ಣ ಚಿತ್ತಾರ ಮೇಲೆ ಹೊಲಿದದ್ದಲ್ಲ, ಅಚ್ಚು ಹಾಕಿದ್ದೂ ಅಲ್ಲ. ಹಾಸಿನಲ್ಲೇ ಹೆಚ್ಚುವರಿ ಎಳೆ ಕಟ್ಟಿ, ಬೇಕಾದಾಗ ಅವನ್ನು ಎತ್ತಿ ನೇಯುತ್ತಾರೆ. ಬೆಳಕಿಗೆ ತಿರುಗಿಸಿದರೆ ಬಣ್ಣ ಬದಲಾಗುತ್ತದೆ. ಎರಡೂ ಪಕ್ಕ ಅಂಚು ಇರುತ್ತದೆ, ಅದು ತೋಳಿನ ತುದಿಗೆ ಬರುವ ಹಾಗೆ ದರ್ಜಿ ಕತ್ತರಿಸುತ್ತಾನೆ.

ಅಂಗಡಿಯಲ್ಲಿ ಕಣವನ್ನು ಮಡಚುವ ರೀತಿ ನೋಡಬೇಕು. ಮುಕ್ಕೋನೆಯಾಗಿ ಮಡಚಿ, ತುದಿ ಒಳಗೆ ಸಿಕ್ಕಿಸಿ, ಸಮೋಸದ ಹಾಗೆ ಸಾಲಾಗಿ ಜೋಡಿಸಿಟ್ಟಿರುತ್ತಾರೆ. ಉಡಿಯಲ್ಲಿ ಹಾಕಲು ಅದೇ ಸರಿ. ಅಕ್ಕಿ, ಕೊಬ್ಬರಿ ಬಟ್ಟಲು, ಅರಿಶಿನದ ಬೇರು, ಉತ್ತತ್ತಿ, ಅದರ ಜೊತೆ ಈ ಮುಕ್ಕೋನೆ ಕಣ. ದೀಪಾವಳಿಯ ಲಕ್ಷ್ಮಿಪೂಜೆಗೂ ಬೇಕು, ಮನೆಗೆ ಬಂದ ಮುತ್ತೈದೆಗೂ ಬೇಕು. ಅವುಗಳಲ್ಲಿ ಎಷ್ಟೋ ಕಣ ಹೊಲಿಗೆಯನ್ನೇ ಕಾಣುವುದಿಲ್ಲ. ಈ ಮನೆಯ ಉಡಿಯಿಂದ ಆ ಮನೆಯ ಉಡಿಗೆ ಸುತ್ತುತ್ತಾ ಇರುತ್ತವೆ. ಅತ್ತೆಯ ಟ್ರಂಕಿನಲ್ಲೂ ಅಂಥವು ಒಂದು ರಾಶಿ ಇವೆ. ಯಾರು ಕೊಟ್ಟದ್ದು ಯಾವುದು ಅಂತ ನೆನಪಿಟ್ಟುಕೊಳ್ಳುವುದೇ ದೊಡ್ಡ ಕೆಲಸ. ಕೊಟ್ಟವರಿಗೇ ವಾಪಸ್ ಹೋಗಬಾರದಲ್ವಾ!

ಈಗ ಅದೇ ಕಣದಲ್ಲಿ ಹುಡುಗಿಯರಿಗೆ ಫ್ರಾಕು, ಗಂಡಸರಿಗೆ ಜಾಕೀಟು, ಬ್ಯಾಗು, ದಿಂಬಿನ ಚೀಲ ಎಲ್ಲ ಬರುತ್ತಿವೆ. ಬೆಂಗಳೂರಿನ ಬುಟಿಕ್‌ಗಳಲ್ಲಿ ಒಳ್ಳೆ ಬೆಲೆಯೂ ಇದೆ. ಅತ್ತೆಗೆ ದಿಂಬಿನ ಚೀಲ ಒಪ್ಪಿಗೆಯಾಗಲಿಲ್ಲ. "ಉಡ್ಯಾಗ ಹಾಕೂದರ ಮ್ಯಾಲೆ ತಲಿ ಇಟ್ಟು ಮಲಗೂದು?" ಅಂದರು. ನನಗಂತೂ ಸಂತೋಷವೇ. ಕುಬಸ ತೊಡುವವರು ಕಡಿಮೆಯಾದ ಮೇಲೆ ಕಣ ಇನ್ನೆಲ್ಲಿಗೆ ಹೋಗಬೇಕು?

ಕಮತಗಿ ದಾಟಿ ಅಮೀನಗಡದ ಕಡೆ ಹೊರಟೆವು. ಕಮತಗಿಯೂ ನೇಕಾರರ ಊರೇ. ರಸ್ತೆಯ ಎರಡೂ ಬದಿ ಬಿಳಿಜೋಳ ತೆನೆ ಹೊತ್ತು ನಿಂತಿತ್ತು. ಒಂದು ಹೊಲದ ಬದುವಿನಲ್ಲಿ ಸೀತನಿ ಸುಡುತ್ತಿದ್ದರು. ಹಾಲುಗಾಳಿನ ತೆನೆಯನ್ನು ಕೆಂಡದಲ್ಲಿ ಸುಟ್ಟು, ಕೈಯಲ್ಲಿ ತಿಕ್ಕಿ, ಕಾಳು ಉದುರಿಸಿ ಬೆಲ್ಲ ಕೊಬ್ಬರಿ ಜೊತೆ ಕೊಟ್ಟರು. ಅಮೀನಗಡದಲ್ಲಿ ಕರದಂಟು ಕೊಂಡೆವು. ಗೋಕಾಕದ್ದು ಮೇಲೋ ಅಮೀನಗಡದ್ದು ಮೇಲೋ ಅನ್ನುವ ಜಗಳ ಈ ಕಡೆ ಮುಗಿಯುವುದೇ ಇಲ್ಲ. ಐಹೊಳೆಯ ತಿರುವು ಬಂತು, ಹೋಯಿತು. ಒಂದು ಕಾಲಕ್ಕೆ ಅಯ್ಯಾವೊಳೆ ಐನೂರ್ವರು ಅಂತ ದಕ್ಷಿಣ ಭಾರತವನ್ನೆಲ್ಲ ಸುತ್ತಿ ವ್ಯಾಪಾರ ಮಾಡಿದ ವರ್ತಕರ ಸಂಘದ ಊರು ಅದು. ಬಸ್ಸಿನಲ್ಲಿ ಬಟ್ಟೆಯ ಗಂಟು ಇಟ್ಟುಕೊಂಡು ಕೂತ ವ್ಯಾಪಾರಿಗಳನ್ನು ನೋಡಿದಾಗ ಅವರ ನೆನಪಾಯಿತು.

ಇಳಕಲ್ ಮೊದಲು ಕಣ್ಣಿಗೆ ಬೀಳುವುದು ಸೀರೆಯಿಂದಲ್ಲ, ಕಲ್ಲಿನಿಂದ. ಇಲ್ಲಿಯ ಕೆಂಪು ಗ್ರಾನೈಟ್‌ಗೆ ಹೊರದೇಶದಲ್ಲೂ ಗಿರಾಕಿಗಳಿದ್ದಾರೆ. ದೊಡ್ಡ ದೊಡ್ಡ ಚೌಕದ ಬಂಡೆ ಹೊತ್ತ ಲಾರಿಗಳು ಹೆದ್ದಾರಿಯಲ್ಲಿ ಸಾಲಾಗಿ ಹೋಗುತ್ತಿರುತ್ತವೆ. ಊರೊಳಗೆ ಚಿತ್ತರಗಿ ವಿಜಯ ಮಹಾಂತೇಶ ಮಠ. ಇಲ್ಲಿಯ ಡಾ. ಮಹಾಂತ ಸ್ವಾಮೀಜಿ 1975ರಲ್ಲಿ ಜೋಳಿಗೆ ಹಿಡಿದು ಮನೆ ಮನೆಗೆ ಹೊರಟರು. ಕೇಳಿದ್ದು ಕಾಳಲ್ಲ, ಕಾಸಲ್ಲ. ನಿಮ್ಮ ಕುಡಿತ, ಬೀಡಿ, ತಂಬಾಕು ಇದರಲ್ಲಿ ಹಾಕಿ ಅಂದರು. ಮಹಾಂತ ಜೋಳಿಗೆ ಅಂತ ಅದು ನಾಡೆಲ್ಲ ಹೆಸರಾಯಿತು. ಅವರು 2018ರಲ್ಲಿ ತೀರಿಕೊಂಡರು. ಅವರ ಹುಟ್ಟುಹಬ್ಬ, ಆಗಸ್ಟ್ 1, ಈಗ ರಾಜ್ಯದಲ್ಲಿ ವ್ಯಸನಮುಕ್ತ ದಿನ. ನೇಕಾರರ ಮನೆಗಳಲ್ಲಿ ಅವರ ಫೋಟೋ ಇಟ್ಟಿರುವುದನ್ನು ನೋಡಿದೆವು. ಜೋಳಿಗೆಯಿಂದ ಯಾರ ಮನೆಯ ಬದುಕು ಉಳಿಯಿತು ಅಂತ ಆ ಹೆಂಗಸರಿಗೆ ಚೆನ್ನಾಗಿ ಗೊತ್ತು.

ಪರಿಚಯದವರೊಬ್ಬರು ಒಂದು ನೇಕಾರರ ಮನೆಗೆ ಕರೆದುಕೊಂಡು ಹೋದರು. ಹೊರಗೆ ಬಿಸಿಲು, ಒಳಗೆ ತಂಪು, ಕತ್ತಲೆ. ಕುಣಿ ಮಗ್ಗ. ನೆಲದಲ್ಲಿ ಕುಣಿ ತೋಡಿ, ಅದರೊಳಗೆ ಕಾಲು ಇಳಿಬಿಟ್ಟು, ನೆಲದ ಮಟ್ಟದಲ್ಲಿ ಕೂತು ನೇಯುವುದು. ಮನೆಯ ಯಜಮಾನ ಕಾಲಲ್ಲಿ ಮೆಟ್ಟುತ್ತಾ ಲಾಳಿ ಎಸೆಯುತ್ತಿದ್ದ. ಅವನ ಹೆಂಡತಿ ಬಾಗಿಲ ಬೆಳಕಿನಲ್ಲಿ ರಾಟೆ ತಿರುಗಿಸಿ ಕಂಡಿಕೆ ಸುತ್ತುತ್ತಿದ್ದಳು. ಲಾಳಿಯೊಳಗೆ ಹೋಗುವ ಸಣ್ಣ ಕೊಳವೆಯೇ ಕಂಡಿಕೆ. ಅವಳ ಅತ್ತೆ ಗೋಡೆಗೆ ಒರಗಿ ಕೂತು ಕೊಂಡಿ ಹಾಕುತ್ತಿದ್ದಳು.

ನಮ್ಮ ಅತ್ತೆ ಬಂದದ್ದೇ ಇದನ್ನು ನೋಡಲು.

ಬೇರೆ ಬಹಳಷ್ಟು ಸೀರೆಗಳಲ್ಲಿ ಮೈಯಿಂದ ಸೆರಗಿನ ತನಕ ಹಾಸು ಒಂದೇ. ಸೆರಗು ಬಂದಾಗ ಹೊಕ್ಕಿನ ಬಣ್ಣ ಬದಲಿಸಿದರೆ ಮುಗಿಯಿತು. ಹಳೆಯ ಇಳಕಲ್ ಸೀರೆಯಲ್ಲಿ ಹಾಗಲ್ಲ. ಮೈಯ ಹಾಸು ಬೇರೆ, ಸೆರಗಿನ ಹಾಸು ಬೇರೆ. ಮೈಗೆ ಹತ್ತಿ, ಸೆರಗಿಗೆ ಕೆಂಪು ರೇಷ್ಮೆ. ಇದರ ಕುಣಿಕೆಯೊಳಗೆ ಅದರ ಕುಣಿಕೆ ತೂರಿಸಿ ಒಂದಕ್ಕೊಂದು ಸಿಕ್ಕಿಸಬೇಕು. ಅದೇ ಕೊಂಡಿ. ಸೀರೆಯ ಅಗಲದ ಉದ್ದಕ್ಕೂ, ಸಾವಿರಾರು ಎಳೆಗಳಿಗೆ, ಹೀಗೇ ಆಗಬೇಕು. ಅಜ್ಜಿ ಕಣ್ಣು ಹಾಯಿಸದೆ ಬೆರಳಿನಲ್ಲೇ ಮಾಡುತ್ತಿದ್ದಳು. ನಮ್ಮ ಜೊತೆ ಮಾತು, ಮೊಮ್ಮಗನಿಗೆ ಬೈಗುಳ, ಎರಡೂ ಮಧ್ಯದಲ್ಲೇ ನಡೆದಿದ್ದವು.

ಈ ಒಂದು ಕೆಲಸದಿಂದ ಇಡೀ ಕಸುಬಿನ ಲೆಕ್ಕ ಬದಲಾಗುತ್ತದೆ. ಕೊಂಡಿ ಇಲ್ಲದಿದ್ದರೆ ಉದ್ದನೆಯ ಹಾಸು ಹೂಡಿ ಸಾಲಾಗಿ ಐದಾರು ಸೀರೆ ನೇಯ್ದು ಕತ್ತರಿಸಬಹುದು. ಕೊಂಡಿ ಬೇಕೆಂದರೆ ಒಂದು ಸೀರೆಗೆ ಒಂದು ಹಾಸು. ಆರು ಗಜದ್ದೋ, ಎಂಟು ಗಜದ್ದೋ, ಒಂಬತ್ತು ಗಜದ್ದೋ, ಮೊದಲೇ ನಿರ್ಧಾರ ಆಗಬೇಕು. ಒಂದು ಮುಗಿಯಿತು ಅಂದರೆ ಮತ್ತೆ ಮೊದಲಿನಿಂದ. ಒಬ್ಬರು ನೇಯುತ್ತಾರೆ, ಉಳಿದ ತಯಾರಿಗೆ ಇನ್ನಿಬ್ಬರು ಬೇಕು. ಆ ಇಬ್ಬರು ಯಾವಾಗಲೂ ಮನೆಯವರೇ, ಹೆಚ್ಚಾಗಿ ಹೆಂಗಸರೇ. ಕೂಲಿ ಬರುವುದು ಮಾತ್ರ ಒಂದು ಸೀರೆಗೆ ಇಷ್ಟು ಅಂತ.

"ಮಗ್ಗದಾಗ ಕುಂತವ್ರಿಗೆ ನೇಕಾರ ಅಂತಾರ್ರಿ ಅಕ್ಕಾರ. ಕಂಡಿಕಿ ಸುತ್ತಾಕಿ, ಕೊಂಡಿ ಹಾಕಾಕಿ ಸುಮ್ನ ಮನ್ಯಾಗಿನ ಹೆಂಗಸ್ರು" ಅಂತ ಸೊಸೆ ರಾಟೆ ನಿಲ್ಲಿಸದೆ ಹೇಳಿದಳು. ಗಂಡ ಕುಣಿಯೊಳಗಿಂದ ನಕ್ಕ, ಏನೂ ಹೇಳಲಿಲ್ಲ. ಅವಳ ಮಾತು ತಪ್ಪೇನಿಲ್ಲ. ಇದು ಈ ಊರಿನದೇ ಅಂತ ಸರ್ಕಾರ ಕೊಡುವ ಜಿಐ ಗುರುತು ಇಳಕಲ್ ಸೀರೆಗೆ ಬಂದಿದೆ, ಗುಳೇದಗುಡ್ಡದ ಕಣಕ್ಕೂ ಬಂದಿದೆ. ಆದರೆ ಆ ಗುರುತಿಗೆ ಅರ್ಥ ಕೊಡುವ ಕೊಂಡಿಗೆ ಬೇರೆ ಕೂಲಿ ಇಲ್ಲ. ಸೊಸೆ ತನ್ನ ಮಗಳಿಗೆ ಈ ಕೆಲಸ ಕಲಿಸಿಲ್ಲ. ಮಗಳು ಬಾಗಲಕೋಟೆಯಲ್ಲಿ ನರ್ಸಿಂಗ್ ಓದುತ್ತಿದ್ದಾಳೆ. ಅದನ್ನು ಕೇಳಿ ಬೇಜಾರು ಮಾಡಿಕೊಳ್ಳುವ ಹಕ್ಕು ಹೊರಗಿನಿಂದ ಬಂದ ನನಗಿಲ್ಲ.

ಸೆರಗಿನ ಮಾತು ಇನ್ನೂ ಇದೆ. ಅದಕ್ಕೆ ಟೋಪತೆನಿ ಸೆರಗು ಅನ್ನುತ್ತಾರೆ. ಕೆಂಪು ಪಟ್ಟಿ, ನಡುವೆ ಬಿಳಿ ಪಟ್ಟಿ, ಬಿಳಿಯಲ್ಲಿ ಚಿತ್ತಾರ. ಒಂದು ಬಾಚಣಿಗೆ ಹಲ್ಲಿನಂಥ ಹಣಿಗಿ, ಇನ್ನೊಂದು ಕೋಟೆಯ ತೆನೆಯಂಥ ಕೋಟಿಕಮ್ಮಲಿ, ಮತ್ತೊಂದು ಗುಡ್ಡದ ಸಾಲಿನಂಥ ರಂಪ, ಕೊನೆಗೆ ಜೋಳದ ತೆನೆ. ಹೊರಗೆ ಹೊಲದಲ್ಲಿ ನಿಂತದ್ದೇ ಒಳಗೆ ಸೆರಗಿನಲ್ಲೂ ಇತ್ತು. ಅಂಚಿನಲ್ಲಿ ಗೋಮಿ, ಗಾಡಿ, ಚಿಕ್ಕಿ ಪರಾಸ ಅಂತ ಬಗೆಗಳಿವೆ. ಈಚೆಗೆ ಗಾಯತ್ರಿ ಅಂತ ಹೊಸದೂ ಬಂದಿದೆ. ಮೈಯ ಬಣ್ಣ ದಾಳಿಂಬೆ ಕೆಂಪು, ನವಿಲು ಹಸಿರು, ಗಿಳಿ ಹಸಿರು ಏನೇ ಇರಲಿ, ಅಂಚು ಹೆಚ್ಚಾಗಿ ಕೆಂಪೇ. ಕಪ್ಪು ಮೈಯದು ಚಂದ್ರಕಾಳಿ. ಅದರ ಮೇಲೆ ಧಾರವಾಡ ಕಡೆಯ ಹೆಂಗಸರು ಕಸೂತಿ ಹಾಕುತ್ತಾರೆ. ಗವಂತಿ, ಮುರಗಿ, ನೇಗಿ, ಮೆಂತಿ ಅಂತ ನಾಲ್ಕು ಹೊಲಿಗೆ. ಬಟ್ಟೆಯ ಎಳೆ ಎಣಿಸಿಯೇ ಹಾಕಬೇಕು, ಗಂಟು ಕಾಣಬಾರದು. ಗೋಪುರ, ತೇರು, ತುಳಸಿಕಟ್ಟೆ, ಅಂಬಾರಿ ಆನೆ ಎಲ್ಲ ಬರುತ್ತವೆ. ಹಾಗೆ ನೋಡಿದರೆ ಒಬ್ಬ ಮದುಮಗಳು ಮೂರೂರಿನ ಕೈಕೆಲಸ ಉಟ್ಟು ಹಸೆಮಣೆ ಏರುತ್ತಿದ್ದಳು.

ನೇಕಾರನ ಮಗ್ಗದ ಮೇಲಿದ್ದ ಸೀರೆ ಆಗಲೇ ಸಾಹುಕಾರರದ್ದು. ನೂಲು ಅವರೇ ಕೊಟ್ಟದ್ದು, ಸೀರೆ ಅವರಿಗೇ ಹೋಗಬೇಕು. ಹಾಗಾಗಿ ಪೇಟೆಗೆ ಬಂದೆವು.

ಅಂಗಡಿಯ ಹುಡುಗ ಮಾತಿನ ಮಲ್ಲ. 2023ರ ಬಜೆಟ್ ದಿನ ಹಣಕಾಸು ಸಚಿವೆ ನಿರ್ಮಲಾ ಸೀತಾರಾಮನ್ ಉಟ್ಟಿದ್ದು ಕಸೂತಿ ಹಾಕಿದ ಇಳಕಲ್ ಸೀರೆ ಅಂತ ಮೊಬೈಲ್‌ನಲ್ಲಿ ಫೋಟೋ ತೋರಿಸಿದ. ಅತ್ತೆ ಫೋಟೋ ಪಕ್ಕಕ್ಕೆ ಸರಿಸಿ, "ಸೀರಿ ಬಿಚ್ಚಿ ಒಳಮೈ ತೋರ್ಸಪಾ" ಅಂದರು. ಪರೀಕ್ಷೆ ಸುಲಭ. ಮೈ ಮುಗಿದು ಸೆರಗು ಶುರುವಾಗುವ ಕಡೆ ಬೆರಳು ಆಡಿಸಿ. ಕೊಂಡಿ ಇದ್ದರೆ ಸಣ್ಣ ಏಣು ಕೈಗೆ ಹತ್ತುತ್ತದೆ. ಆಮೇಲೆ ಸೆರಗಿನ ಕೆಂಪು ನೋಡಿ. ಹಾಸೂ ಹೊಕ್ಕೂ ಎರಡೂ ಕೆಂಪಾದ್ದರಿಂದ ಅಚ್ಚ ಕೆಂಪು ಇರುತ್ತದೆ. ಕೊಂಡಿ ಇಲ್ಲದ್ದರಲ್ಲಿ ಮೈಯ ಹಾಸು ಸೆರಗಿನ ತನಕ ಹಾಗೇ ಬರುವುದರಿಂದ, ಹಸಿರು ಸೀರೆಯಾದರೆ ಸೆರಗಿನ ಕೆಂಪಿನಲ್ಲಿ ಹಸಿರು ಇಣುಕುತ್ತದೆ. 1985ರಲ್ಲೇ ಕೆಲವು ಬಟ್ಟೆಗಳನ್ನು ಕೈಮಗ್ಗಕ್ಕೆ ಮೀಸಲಿಡುವ ಕಾಯ್ದೆ ಬಂತು, ಅದರಲ್ಲಿ ಸೀರೆಯೂ ಸೇರಿದೆ. ಅಂಗಡಿಯ ಕಪಾಟು ನೋಡಿದರೆ ಹಾಗನ್ನಿಸುವುದಿಲ್ಲ.

ಅತ್ತೆ ಒಂದೊಂದನ್ನೂ ಬೆರಳಾಡಿಸಿ ನೋಡಿ, ಕೊನೆಗೆ ಗಿಳಿ ಹಸಿರಿನ ಕೊಂಡಿ ಸೀರೆ ಆರಿಸಿದರು. ಮಿಕ್ಕವುಗಳಿಗಿಂತ ನಾಲ್ಕು ಪಟ್ಟು ಬೆಲೆ. ಅವರು ಚೌಕಾಸಿ ಮಾಡಲಿಲ್ಲ, ನನಗೆ ಆಶ್ಚರ್ಯ. ಆಮೇಲೆ ಅದೇ ಉಸಿರಿನಲ್ಲಿ ಪವರ್‌ಲೂಮ್ ಸೀರೆಗಳ ಕಟ್ಟು ಇಳಿಸಲು ಹೇಳಿದರು. ಕುಬಸಕ್ಕೆ ಬರುವ ಬೀಗರ ಕಡೆಯವರಿಗೆ, ಅಡುಗೆಯವಳಿಗೆ, ಸೂಲಗಿತ್ತಿಗೆ ಕೊಡಬೇಕಲ್ಲ. ಅವಕ್ಕೆ ಒಳಮೈ ನೋಡಲೇ ಇಲ್ಲ, ಬಣ್ಣ ನೋಡಿ ಎತ್ತಿಟ್ಟರು. ಅವುಗಳ ಮೇಲೆ ಮಾತ್ರ ಒಂದೊಂದು ರೂಪಾಯಿಗೂ ಜಗಳವಾಡಿದರು. ಹುಡುಗ ಸೋತು, ಚಹಾ ತರಿಸಿ, ಮೇಲೊಂದು ಕಣ ಪುಕ್ಕಟೆ ಇಟ್ಟ. ಅತ್ತೆ ಅದನ್ನು ಬೆಳಕಿಗೆ ಹಿಡಿದು ನೋಡಿ, "ಇದು ಗುಳೇದಗುಡ್ಡದ್ದಲ್ಲ" ಅಂತ ಹೇಳಿಯೇ ಚೀಲದೊಳಗೆ ಹಾಕಿಕೊಂಡರು.