ಹಸಿರು ಚುಕ್ಕೆ ನಂಬಿ ಟೀಮ್ ನಡೆಸ್ಲಿಕ್ಕೆ ಆಗುದಿಲ್ಲ

ಕಾಸರಗೋಡಿನ ಬದಿಯಡ್ಕದ ಹತ್ರ ಮನೆಯಲ್ಲಿ ಕೂತು ಬೆಂಗಳೂರಿನ ಟೀಮಿಗೆ ಕೆಲಸ ಮಾಡುವವರಿಗೆ ಜೂನ್ ಬಂತೂಂದ್ರೆ ಬೇರೆಯೇ ತಲೆಬಿಸಿ, ಎಲ್ಲಿಯೋ ಲೈನಿನ ಮೇಲೆ ತೆಂಗಿನ ಮಡಲು ಬಿತ್ತು ಅಂದ್ರೆ ಕರೆಂಟ್ ಇಲ್ಲ, ಇನ್ವರ್ಟರ್ ಇದ್ರೂ ಸ್ವಲ್ಪ ಹೊತ್ತಲ್ಲಿ ನೆಟ್ ಕೂಡ ಹೋಗ್ತದೆ. ನಮ್ಗೆ ಇದೆಲ್ಲ ಮಾಮೂಲು. ಆದ್ರೆ ಆಚೆ ಇರುವವರಿಗೆ ಕಾಣುದು ಚ್ಯಾಟಲ್ಲಿ ಹೆಸರಿನ ಹತ್ರ ಇದ್ದ, ಆನ್‌ಲೈನ್ ಇದ್ದಾರೆ ಅಂತ ತೋರಿಸುವ ಹಸಿರು ಚುಕ್ಕೆ ಹೋದದ್ದು ಮಾತ್ರ, ಮತ್ತೆ ಒಬ್ರು ಇವ ನಿದ್ದೆ ಮಾಡ್ತಿದ್ದಾನೆ ಅಂತ ಎಣಿಸ್ತಾರೆ, ಇನ್ನೊಬ್ರು ನಿನ್ನೆ ಹೇಳಿದ್ದಕ್ಕೆ ಸಿಟ್ಟು ಬಂದಿರ್ಬೇಕು ಅಂತ. ಅದಕ್ಕೆ "ಕರೆಂಟ್ ಹೋಯ್ತು, ಮೂರು ಗಂಟೆ ಮೇಲೆ ನೋಡ್ತೇನೆ" ಅಂತ ಫೋನಿಂದ ಒಂದು ಸಾಲು ಹಾಕಿಬಿಡುದು ಒಳ್ಳೆದು.

ಅಮೆರಿಕದ ಎಂಐಟಿ ವಿಶ್ವವಿದ್ಯಾಲಯದ ಥಾಮಸ್ ಅಲೆನ್ ಅನ್ನುವ ಪ್ರೊಫೆಸರ್ 1970ರ ದಶಕದಲ್ಲೇ ಇಂಜಿನಿಯರುಗಳನ್ನು ಗಮನಿಸಿ ಹೇಳಿದ್ರು, ಮೇಜುಗಳ ನಡುವೆ ದೂರ ಹೆಚ್ಚಾದ ಹಾಗೆ ಮಾತು ಕಮ್ಮಿ ಆಗ್ತದೆ, 50 ಮೀಟರ್ ದಾಟಿದ್ರೆ ವಾರಕ್ಕೊಮ್ಮೆ ಮಾತಾಡುದೂ ಅಪರೂಪ ಅಂತ. ಒಂದೇ ಕಟ್ಟಡದೊಳಗೆ ಇಷ್ಟು, ನಾವು ಮತ್ತೆ ಘಟ್ಟದ ಕೆಳಗೆ! ಸಂಶೋಧಕರು ಮೈಕ್ರೋಸಾಫ್ಟಿನ ಅಮೆರಿಕದ 61 ಸಾವಿರಕ್ಕೂ ಹೆಚ್ಚು ಉದ್ಯೋಗಿಗಳ 2020ರ ಇಮೇಲ್, ಕಾಲ್, ಚ್ಯಾಟ್ ಲೆಕ್ಕ ತೆಗೆದು ನೋಡಿದ್ದಾರೆ, ಮನೆಯಿಂದ ಕೆಲಸ ಶುರುವಾದ ಮೇಲೆ ಜನ ತಂತಮ್ಮ ಗುಂಪಿನೊಳಗೇ ಸುತ್ತಿದ್ದು, ಬೇರೆ ಟೀಮಿನವರ ಒಡನಾಟ ಕಮ್ಮಿ ಆದದ್ದು.

ಇದಕ್ಕೆ ಮೆನೇಜರುಗಳ ಮದ್ದು ಎಂತದು? ಇನ್ನೊಂದು ಮೀಟಿಂಗ್. ಅದೂ ಸಾಲದ್ರೆ ಶುಕ್ರವಾರ ಸಂಜೆ ಕ್ಯಾಮೆರಾ ಆನ್ ಮಾಡಿ ಆಟ ಆಡಿಸುದು, ಅದ್ರಲ್ಲಿ ಯಾರಿಗೆ ಖುಷಿ ಅಂತ ನಂಗೆ ಇವತ್ತಿಗೂ ಗೊತ್ತಾಗ್ಲಿಲ್ಲ ಮಾರಾಯ್ರೆ.

ಬರೆದಿಡುದೇ ಹೆಚ್ಚು ಉಪಯೋಗ. ಗಿಟ್‌ಲ್ಯಾಬ್ ಅನ್ನುವ ಸಾಫ್ಟ್‌ವೇರ್ ಕಂಪೆನಿಯವರು ಆಫೀಸೇ ಇಲ್ಲದೆ ಕಂಪೆನಿ ನಡೆಸ್ತಾರೆ, ಕೆಲಸ ಹೇಗೆ ನಡೀತದೆ ಅಂತ ಹ್ಯಾಂಡ್‌ಬುಕ್ ಮಾಡಿ ಯಾರು ಬೇಕಾದ್ರೂ ಓದುವ ಹಾಗೆ ಇಟ್ಟಿದ್ದಾರೆ. ನಮ್ಗೆ ಅಷ್ಟೆಲ್ಲ ಬೇಡ, ಮೀಟಿಂಗ್ ಕಾಲಲ್ಲಿ ಎಂತ ತೀರ್ಮಾನ ಆಯ್ತು, ಯಾಕೆ ಆಯ್ತು, ಯಾರು ಮಾಡುದು, ಇಷ್ಟು ಗ್ರೂಪಲ್ಲಿ ಹಾಕಿದ್ರೆ ನೆಟ್ ಇಲ್ಲದೆ ತಪ್ಪಿಸಿಕೊಂಡವರು ಆಮೇಲೆ ಯಾರನ್ನೂ ಕೇಳ್ಬೇಕೂಂತ ಇಲ್ಲ. "ಯಾಕೆ" ಅನ್ನುದನ್ನು ಹೆಚ್ಚಿನವರು ಬಿಡ್ತಾರೆ, ಜಗಳ ಅಲ್ಲಿಂದಲೇ ಶುರು.

ಕ್ಯಾಮೆರಾ ಆಫ್ ಇದ್ದ ಕಾಲ್ ಅಂದ್ರೆ ತಾಳಮದ್ದಳೆ, ಅಂದ್ರೆ ಕೂತು ನಡೆಸುವ ಯಕ್ಷಗಾನದ ಹಾಗೆ, ವೇಷ ಇಲ್ಲ ಕುಣಿತ ಇಲ್ಲ, ಭಾಗವತರ ಪದ್ಯ ಬಿಟ್ರೆ ಎಲ್ಲ ಮಾತೇ. ಅಲ್ಲಿ ಒಳ್ಳೆ ಅರ್ಥಧಾರಿ (ಪಾತ್ರದ ಮಾತು ಹೇಳುವವರು) ಎದುರಿನವರ ಮಾತನ್ನು ಪೂರ್ತಿ ಕೇಳಿ, ಅದನ್ನೇ ಹಿಡ್ಕೊಂಡು ಉತ್ತರ ಕೊಡ್ತಾರೆ. ನಮ್ಮ ಕಾಲಿನಲ್ಲಿ ಎಲ್ಲರೂ ಮ್ಯೂಟಲ್ಲಿ ಬೇರೆ ಕೆಲಸ ಮಾಡ್ತಾ ತಮ್ಮ ಸರದಿ ಕಾಯುದು.

ಇನ್ನು ಹೊಸಬರು ಸೇರಿದ್ರೆ ಮೊದಲ ವಾರವೇ ಯಾರಾದ್ರೂ ಒಬ್ರು ಅವರಿಗೆ ಫೋನ್ ಮಾಡಿ, ಕೆಲಸದ ವಿಷಯ ಅಲ್ಲ, ಊರು ಯಾವುದು, ಊಟ ಆಯ್ತಾ, ಅಷ್ಟೇ. ಆಮೇಲೆ ಅವರು ಡೌಟ್ ಬಂದ್ರೆ ಎರಡು ದಿನ ಒಬ್ರೇ ಒದ್ದಾಡುದಿಲ್ಲ, ಸೀದಾ ಕೇಳ್ತಾರೆ.