ಓಬವ್ವ ಗಂಡನ್ನ ಯಾಕೆ ಕರೀಲಿಲ್ಲ

ಇತಿಹಾಸ ಪಾಠ ಮಾಡ್ತಾ ಮಾಡ್ತಾ ಕಾದಂಬರಿ ಬರೆಯೋಕೆ ಇಳಿದೋಳು ನಾನು, ಚಿತ್ರಕಥೆ ಬರೆಯೋಕೆ ಶುರು ಮಾಡಿ ಇನ್ನೂ ಮೂರು ವರ್ಷ ಆಗಿಲ್ಲ. ಹೋದ ಫೆಬ್ರವರಿಲಿ ಒಂದು ಸೀರಿಯಲ್‌ಗೆ ಓಬವ್ವನ ಸೀನು ಬರ್ಕೊಟ್ಟಿದ್ದೆ. ಡೈರೆಕ್ಟರ್ ಓದಿ ಒಂದೇ ಪ್ರಶ್ನೆ ಕೇಳಿದ್ರು, "ಮೇಡಂ, ಒನಕೆ ತಗೊಳ್ಳೋಕೆ ಮನೆಗೆ ವಾಪಸ್ ಬರ್ತಾಳೆ, ಗಂಡ ಅಲ್ಲೇ ಊಟಕ್ಕೆ ಕೂತಿದಾನೆ, ಕೋಟೆ ಕಾವಲುಗಾರ ಬೇರೆ, ಅವನಿಗೆ ಯಾಕೆ ಹೇಳಲ್ಲ?"

ಕಾದಂಬರೀಲಿ ಇದೇ ಜಾಗದಲ್ಲಿ ನಾನು ಎರಡು ಪುಟ ಅವಳ ಮನಸ್ಸಿನ ಮಾತು ಬರೆದು ದಾಟಿದ್ದೆ. ಉಣ್ಣೋ ಗಂಡನ್ನ ಎಬ್ಬಿಸಬಾರದು ಅಂದ್ಕೊಂಡ್ಲು ಅಂತ, ನಮ್ಮ ಚಿತ್ರದುರ್ಗದಲ್ಲಿ ಎಲ್ಲರೂ ಹೇಳೋದೂ ಅದನ್ನೇ. ಆದ್ರೆ ಕ್ಯಾಮೆರಾಗೆ ಮನಸ್ಸು ಕಾಣಲ್ವಲ್ಲ, ಕೈಕಾಲು ಕಾಣುತ್ತೆ. ಒಂದು ಡೈಲಾಗ್ ಹಾಕ್ಬಿಡೋಣ ಅಂದ್ರು ಅವ್ರು. ಬೇಡ ಸಾರ್, ಮೊದ್ಲು ಹೈದರಾಲಿ ಸೈನಿಕರು ಒಬ್ಬೊಬ್ಬರಾಗಿ ನುಸುಳಿ ಬರ್ತಿದ್ದ ಆ ಕಿಂಡಿ ಹತ್ರ ಹೋಗಿ ನೋಡೋಣ ಅಂದೆ.

ಮಾರನೇ ದಿನ ಬಾಗಿಲು ತೆಗೆಯೋ ಹೊತ್ತಿಗೇ ಟಿಕೆಟ್ ತಗೊಂಡು ಹತ್ತಿದ್ವಿ, ಹತ್ತು ಗಂಟೆ ಆದ್ಮೇಲೆ ದುರ್ಗದ ಬಂಡೆ ಮೇಲೆ ಕಾಲಿಡೋಕಾಗಲ್ಲ. ಡೈರೆಕ್ಟರು, ನಾನು, ಅವರ ಅಸಿಸ್ಟೆಂಟ್ ಹುಡುಗ ಒಬ್ಬ, ದಾವಣಗೆರೆಯವನು. ದಾರೀಲಿ ಮದ್ದು ಅರೆಯೋ ಕಲ್ಲುಗಳನ್ನ ನೋಡಿ ಆ ಹುಡುಗ ಕೆಳಗಿಳಿದು ಕಲ್ಲನ್ನ ತಳ್ಳೋಕೆ ನೋಡಿದ, ಅದು ಅಲ್ಲಾಡ್ತದಾ! 1779ರಲ್ಲಿ ಹೈದರಾಲಿ ಕೈಗೆ ಬೀಳೋವರೆಗೂ ಈ ಕೋಟೆ ಎಷ್ಟು ಮುತ್ತಿಗೆ ತಡ್ಕೊಂಡಿತ್ತು ಅನ್ನೋದನ್ನ ಕ್ಲಾಸಲ್ಲಿ ಎಷ್ಟು ಸಲ ಹೇಳಿದೀನೋ, ಆದ್ರೂ ಅಲ್ಲಿ ನಿಂತಾಗ ಎದೆ ತುಂಬಿ ಬರುತ್ತೆ.

ಓಬವ್ವ ಉಳ್ಕೊಂಡಿರೋದು ಜನರ ಬಾಯಲ್ಲಿ, ಶಾಸನದಲ್ಲಲ್ಲ. 1972ರ ನಾಗರಹಾವು ಬಂದ್ಮೇಲಂತೂ ಓಬವ್ವ ಅಂದ್ರೆ ಎಲ್ಲರ ಕಣ್ಣಿಗೂ ಜಯಂತಿ ಅವರ ಮುಖಾನೇ. ಅದಕ್ಕೇ ನನಗೆ ಭಯ, ಬಾಯಿಂದ ಬಾಯಿಗೆ ಬಂದ ಕಥೇಗೆ ನಾನು ಏನು ಸೇರಿಸ್ತೀನೋ ಅದನ್ನ ಮುಂದಿನ ಮಕ್ಕಳು ಇತಿಹಾಸ ಅಂತಲೇ ನಂಬ್ತಾರೆ.

ಕಿಂಡಿ ಹತ್ರ ಹುಡುಗನಿಗೆ ಆ ಕಡೆಯಿಂದ ನುಸುಳಿ ಬಾ ಅಂದು ಫೋನಲ್ಲಿ ಸ್ಟಾಪ್‌ವಾಚ್ ಹಾಕಿದೆ. ಮೊದ್ಲು ತಲೆ ಬಂತು, ಆಮೇಲೆ ಒಂದು ಭುಜ, ಇನ್ನೊಂದು ಭುಜ ಸಿಕ್ಕಾಕ್ಕೊಂಡು ಮೈ ಓರೆ ಮಾಡಿ ಬಿಡಿಸ್ಕೊಬೇಕಾಯ್ತು. ಹನ್ನೊಂದು ಸೆಕೆಂಡು. ಅಷ್ಟೊತ್ತೂ ಅವನ ಕೈ ಇನ್ನೂ ಒಳಗೇ, ಕತ್ತೆತ್ತಿ ಮೇಲೆ ನೋಡೋಕೂ ಆಗಲ್ಲ. ನಾನು ಪಕ್ಕದಲ್ಲೇ ನಿಂತಿದ್ದೆ, ಅವನಿಗೆ ನನ್ನ ಚಪ್ಪಲಿ ಮಾತ್ರ ಕಾಣ್ತಿತ್ತಂತೆ.

ಅಲ್ಲೇ ಹೊಳೀತು ನನಗೆ. ಗಂಡ ಮುದ್ದ ಹನುಮ ಕಹಳೆ ಊದೋನು, ಎಬ್ಬಿಸಿದ್ರೆ ಅವನು ಮಾಡೋ ಮೊದಲ ಕೆಲಸ ಕಹಳೆ ಊದೋದು, ಅದು ಕೇಳಿದ ತಕ್ಷಣ ಕಿಂಡಿ ಆಚೆ ಸಾಲಾಗಿ ನಿಂತಿರೋರು ಎಚ್ಚರಾಗ್ತಾರೆ, ಇಲ್ಲಾ ಒಟ್ಟಿಗೆ ನುಗ್ತಾರೆ ಇಲ್ಲಾ ವಾಪಸ್ ಹೋಗಿ ಬೇರೆ ದಾರಿ ಹುಡುಕ್ತಾರೆ. ಸದ್ದಾಗದೆ ಇದ್ರೆ ಮಾತ್ರ ಆ ಕಿಂಡಿ ಅವಳ ಕೈಲಿರುತ್ತೆ. ಊಟಕ್ಕೆ ಕೂತೋನ್ನ ಎಬ್ಬಿಸಲಿಲ್ಲ ಅನ್ನೋದು ಪತಿಭಕ್ತಿ ಅಂತ ಹೇಳ್ಕೊಂಡು ಬಂದ್ವಿ, ನನಗೆ ಈಗ ಅದು ಯುದ್ಧದ ಲೆಕ್ಕಾಚಾರವಾಗೇ ಕಾಣ್ಸುತ್ತೆ.

ಇನ್ನೊಂದು, ಹೆಣಗಳನ್ನ ಅವಳು ಪಕ್ಕಕ್ಕೆ ಎಳೆದು ಹಾಕ್ತಿದ್ಲು ಅಂತ ಕಥೆ ಹೇಳುತ್ತೆ, ನಾನೂ ಒಂದು ಸಾಲಲ್ಲಿ ಬರೆದಿದ್ದೆ. ಹುಡುಗನಿಗೆ ಮೈ ಪೂರ್ತಿ ಸಡಿಲ ಬಿಟ್ಟು ಮಲಕೋ ಅಂದೆ. ಅರವತ್ತು ಕೆಜಿ ಇರಬಹುದು. ಕಂಕುಳಿಗೆ ಕೈ ಹಾಕಿ ಎಳೆದೆ, ಸೆರಗು ಬಿಗಿದು ಕಟ್ಕೊಂಡು ಇನ್ನೊಂದ್ಸಲ ಎಳೆದೆ, ಎರಡು ಗೇಣು ಜರುಗಿದ ಅಷ್ಟೇ. ಅವನ ಹಿಮ್ಮಡಿ ಬಂಡೆ ಮೇಲೆ ಗೀರಿ ಸಣ್ಣಗೆ ಬಿಳಿ ಗೆರೆ ಬಿತ್ತು. ನಾನು ಉಸಿರು ಬಿಡ್ತಾ ಕೂತ್ಬಿಟ್ಟೆ, ಡೈರೆಕ್ಟರ್ ಏನೂ ಮಾತಾಡ್ಲಿಲ್ಲ.

ಮನೆಗೆ ಬಂದು ಹಿರಿಯೂರು ಕಡೆ ಹಳ್ಳೀಲಿರೋ ದೊಡ್ಡಮ್ಮಂಗೆ ಫೋನ್ ಮಾಡಿದೆ, ಸಣ್ಣೋರಿದ್ದಾಗ ನವಣೆ ಕುಟ್ಟಿದೋರು. "ಒನಕೇಲಿ ಹೊಡಿಯೋಕೋದ್ರೆ ನಾಕೇಟಿಗೆ ರಟ್ಟೆ ಬಿದ್ದೋಗುತ್ತೆ ಕಣವ್ವ, ಎತ್ತಿ ಕೈ ಸಡ್ಲ ಬಿಡ್ಬೇಕು, ತನ್ನ ಭಾರಕ್ಕೆ ತಾನೇ ಬೀಳುತ್ತೆ" ಅಂದ್ರು. ದಿನಾ ಕುಟ್ಟೋ ಹೆಂಗಸಿಗೆ ಇದನ್ನ ಯಾರೂ ಕಲಿಸಬೇಕಿರಲಿಲ್ಲ.

ಆ ರಾತ್ರಿ ಸೀನು ಪೂರ್ತಿ ಮತ್ತೆ ಬರೆದೆ. ಒಂದೂ ಮಾತಿಲ್ಲ. ಒನಕೆ ಏಳುತ್ತೆ, ಬೀಳುತ್ತೆ, ಆಮೇಲೆ ಎಳೆಯೋದು, ಸೆರಗಲ್ಲಿ ಕೈ ಒರೆಸ್ಕೊಳ್ಳೋದು, ಮತ್ತೆ ಕಿಂಡಿ ಪಕ್ಕ ಬಂದು ನಿಲ್ಲೋದು. ಎರಡು ದಿನ ಬಿಟ್ಟು ಡೈರೆಕ್ಟರ್ ಫೋನ್ ಮಾಡಿದ್ರು, "ಮೇಡಂ, ಎಳೆಯೋದನ್ನ ನಾಲ್ಕು ಸಲ ಬರೆದಿದೀರಿ, ಒಂದು ಸಾಕಲ್ವಾ?"

ನಾಲ್ಕೂ ಬೇಕು ಸಾರ್, ನಾಲ್ಕನೇ ಸಲ ಅವಳ ಕೈ ಜಾರಬೇಕು ಅಂದೆ.