ಮಂಗನಕಾಯಿಲೆ ಮತ್ತು ವಿಜ್ಞಾನ ಮಾಡದೇ ಬಿಟ್ಟ ಕೆಲಸ

ನಮ್ಮ ಉತ್ತರ ಕನ್ನಡದಲ್ಲಿ ವಿಜ್ಞಾನ, ನೀತಿ, ಅಭಿವೃದ್ಧಿ ಅಂತ ಮಾತು ಶುರುವಾದ್ರೆ ಅದು ಕೈಗಾ ಅಣುಸ್ಥಾವರಕ್ಕೇ ಹೋಗಿ ನಿಲ್ತದೆ, ಇಲ್ಲಾಂದ್ರೆ ಬೇಡ್ತಿ ನದಿ ಯೋಜನೆ, ಈಗೀಗ ಶರಾವತಿ ಪಂಪ್ಡ್ ಸ್ಟೋರೇಜು ವಿದ್ಯುತ್ ಯೋಜನೆ. ಆಗ್ಲೇಬೇಕಾದ ಚರ್ಚೆಗಳೇ ಅವೆಲ್ಲ, ಪರಿಸರದ ವಿಷಯ ಇಟ್ಕೊಂಡು ಶಿವರಾಮ ಕಾರಂತರು 1989ರಲ್ಲಿ ಇಲ್ಲಿಂದ ಲೋಕಸಭೆಗೇ ನಿಂತಿದ್ರು. ಆದ್ರೆ ಈ ಎಲ್ಲ ಚರ್ಚೆಲೂ ನಾವು ಕೇಳೂದು ವಿಜ್ಞಾನ ಏನು ಮಾಡ್ತು, ಅದರಿಂದ ಯಾರಿಗೆ ಹಾನಿ ಆಯ್ತು ಅಂತ. ಮಾಡಬಹುದಾಗಿದ್ದನ್ನ ಯಾಕೆ ಮಾಡ್ಲಿಲ್ಲ ಅಂತ ಕೇಳೂದು ಬಹಳ ಕಮ್ಮಿ. ಸಿದ್ದಾಪುರದ ಕಡೆಯವರು ಇದನ್ನ ಕೇಳ್ಲೇಬೇಕು, ಯಾಕಂದ್ರೆ ನಮ್ಮ ಕಾಡಲ್ಲಿ ಮಂಗನಕಾಯಿಲೆ ಇದೆ.

1957ರಲ್ಲಿ ಸೊರಬ ತಾಲೂಕಿನ ಕ್ಯಾಸನೂರು ಕಾಡಲ್ಲಿ ಮಂಗ, ಮುಸ್ಯಗಳು ಸಾಲಾಗಿ ಸತ್ತು ಬಿದ್ದವು, ಅದರ ಬೆನ್ನಿಗೇ ಸುತ್ತಲಿನ ಊರವರಿಗೆ ವಿಪರೀತ ಜ್ವರ. ಪುಣೆಯ ವೈರಸ್ ರಿಸರ್ಚ್ ಸೆಂಟರಿನವರು ಓಡಿ ಬಂದ್ರು. ಅವರಿಗೆ ಮೊದಲು ಇದ್ದ ಹೆದರಿಕೆ ಇದು ಯೆಲ್ಲೋ ಫೀವರ್ ಇರಬಹುದು ಅಂತ, ಆಫ್ರಿಕಾ ಮತ್ತೆ ದಕ್ಷಿಣ ಅಮೆರಿಕದಲ್ಲಿದ್ದ ಆ ರೋಗ ಏಷ್ಯಾಕ್ಕೆ ಬಂತೋ ಅಂತ. ಅಲ್ಲ, ಇದು ಹೊಸ ವೈರಸ್ಸು, ಉಣುಗು ಕಚ್ಚಿ ಬರೂದು ಅಂತ ಬೇಗನೇ ಗೊತ್ತಾಯ್ತು. ಒಳ್ಳೇ ಕೆಲಸ ಅದು, ಕಾಡಲ್ಲಿ ಉಳಿದು, ಉಣುಗು ಹೆಕ್ಕಿ, ಸತ್ತ ಮಂಗ ಕೊಯ್ದು ನೋಡಿ ಮಾಡಿದ್ದು, ಅವರ ಬಗ್ಗೆ ನನಗೆ ತುಂಬಾ ಗೌರವ ಇದೆ. ಆದ್ರೆ ಜಗತ್ತಿಗೆ ಹರಡೂ ರೋಗ ಅಲ್ಲ, ಮನುಷ್ಯರಿಂದ ಮನುಷ್ಯರಿಗೂ ಬರೂದಿಲ್ಲ ಅಂತ ಆದ ಮೇಲೆ ಹೊರಗಿನವರ ಆಸಕ್ತಿ ನಿಧಾನಕ್ಕೆ ಇಳೀತು ಅಂತ ನನ್ನ ಅನಿಸಿಕೆ. ನಮ್ಮ ಜನಕ್ಕೆ ಮಾತ್ರ ಬರೂ ಕಾಯಿಲೆ ಆಗಿ ಉಳೀತು.

ಇವತ್ತಿಗೂ ಇದಕ್ಕೆ ಅಂತಲೇ ಔಷಧ ಇಲ್ಲ. ಜ್ವರಕ್ಕೆ ಮಾತ್ರೆ, ಸಲೈನು, ಪ್ಲೇಟ್‌ಲೆಟ್ ಇಳಿದ್ರೆ ರಕ್ತ, ಅಷ್ಟೇ. ಬಂದವರಲ್ಲಿ ನೂರಕ್ಕೆ 3ರಿಂದ 5 ಜನ ಸಾಯ್ತಾರೆ. ಲಸಿಕೆ ಅಂತ ಒಂದಿತ್ತು, 1990ರ ಹೊತ್ತಿಂದ ಕೊಡ್ತಿದ್ರು. ತಿಂಗಳ ಅಂತರದಲ್ಲಿ ಎರಡು ಡೋಸು, ಆಮೇಲೆ ಬೂಸ್ಟರ್, ಮತ್ತೆ ವರ್ಷ ವರ್ಷವೂ. ಚುಚ್ಚಿದ ಕೈ ಎತ್ತಲಾಗದಷ್ಟು ನೋವು, ಹಾಗಾಗಿ ಎಷ್ಟೋ ಜನ ಒಂದೇ ಡೋಸಿಗೆ ನಿಲ್ಲಿಸ್ತಿದ್ರು, ಒಂದೇ ಡೋಸಿನಿಂದ ಏನೂ ಪ್ರಯೋಜನ ಇರ್ಲಿಲ್ಲ. 2005ರಿಂದ 2010ರ ಲೆಕ್ಕ ತೆಗೆದು ನೋಡಿದವರಿಗೆ ಸಿಕ್ಕಿದ್ದು ಎರಡು ಡೋಸಿಗೆ ಶೇ. 62, ಬೂಸ್ಟರ್ ಸೇರಿದ್ರೆ ಶೇ. 83ರಷ್ಟು ರಕ್ಷಣೆ. ಇದನ್ನೇ ಸುಧಾರಿಸಿ ಒಳ್ಳೇದು ಮಾಡಬಹುದಿತ್ತಲ್ಲ, ಅದೇ ಹಳೇ ಲಸಿಕೆ ದಶಕಗಟ್ಟಲೆ ನಡೀತು, ಕಡೆಗೆ ಪರಿಣಾಮ ಇಲ್ಲ ಅಂತ 2022ರಲ್ಲಿ ಅದನ್ನೂ ನಿಲ್ಲಿಸಿದ್ರು. 2024ರಲ್ಲಿ ಸಿದ್ದಾಪುರ ತಾಲೂಕಲ್ಲಿ ಜನ ಸಾಯೂ ಹೊತ್ತಿಗೆ ಕೊಡ್ಲಿಕ್ಕೆ ಯಾವ ಲಸಿಕೆಯೂ ಇರ್ಲಿಲ್ಲ.

ಕೋವಿಡ್ ನೆನಪು ಮಾಡ್ಕೊಳ್ಳಿ. ಅದೇ ಪುಣೆಯ ಸಂಸ್ಥೆ, ಈಗ ಎನ್ಐವಿ ಅಂತ ಹೆಸರು, 2020ರಲ್ಲಿ ವೈರಸ್ಸನ್ನ ಬೇರ್ಪಡಿಸಿ ಕೊಡ್ತು, 2021ರ ಜನವರಿ 3ಕ್ಕೆ ಕೊವ್ಯಾಕ್ಸಿನ್‌ಗೆ ತುರ್ತು ಒಪ್ಪಿಗೆ ಆಯ್ತು. ವೈರಸ್ಸನ್ನ ಬೆಳೆಸಿ, ಕೊಂದು, ಲಸಿಕೆ ಮಾಡೂ ವಿಧಾನ ಅದು, ಮಂಗನಕಾಯಿಲೆ ಲಸಿಕೆಯದ್ದೂ ಅದೇ ಜಾತಿ ವಿಧಾನ. ಅಂದ್ರೆ ದೇಶಕ್ಕೆ ವಿದ್ಯೆ ಗೊತ್ತಿತ್ತು, ಲ್ಯಾಬಿತ್ತು, ಜನ ಇದ್ರು. ಕೋವಿಡ್ ಇಡೀ ಜಗತ್ತಿನ ರೋಗ, ಅದಕ್ಕೆ ಓಡಿದ್ದು ಸರಿ, ಒಪ್ತೇನೆ. ಹಾಗಂತ ಆರು ದಶಕದ ಮೇಲೆ ಕಾದ ಜನಕ್ಕೆ ಏನು ಹೇಳೂದು? ನಮ್ಮದೇ ಜಿಲ್ಲೆಲಿ ಕೈಗಾ ಒಂದನೇ ಘಟಕ 2018ರ ಕೊನೆಗೆ 962 ದಿನ ಒಂದೇ ಸಮ ಓಡಿ ವಿಶ್ವದಾಖಲೆ ಮಾಡ್ತು, ಅದೇ ಜಿಲ್ಲೆಯ ಇನ್ನೊಂದು ಮೂಲೆಲಿ ಕಾಡಿಗೆ ಹೋಗೂ ಹೆಂಗಸಿನ ಕೈಗೆ ನಾವು ಕೊಡೂದು ಒಂದು ಬಾಟ್ಲಿ ಎಣ್ಣೆ.

ಡೆಪಾ ಎಣ್ಣೆ ಅಂತಾರೆ ಅದಕ್ಕೆ, ರಕ್ಷಣಾ ಸಂಶೋಧನಾ ಸಂಸ್ಥೆ ಡಿಆರ್‌ಡಿಒದವರು ಕಂಡುಹಿಡಿದಿದ್ದು. ಆಶಾ ಕಾರ್ಯಕರ್ತೆಯರು ಮನೆಮನೆಗೆ ತಂದು ಕೊಡ್ತಾರೆ, ಕೈಕಾಲಿಗೆ ಹಚ್ಚಿಕೊಂಡು ಹೋಗ್ಬೇಕು, ಕೆಲವು ತಾಸು ಉಣುಗು ಹತ್ರ ಬರೂದಿಲ್ಲ. ನಮ್ಮಲ್ಲಿ ತೋಟದ ಕೆಲಸಕ್ಕೆ ಬರೂ ಅಕ್ಕ ಒಬ್ರು ಮಾರ್ಚ್ ಬಿಸಿಲಲ್ಲಿ ಸೊಪ್ಪಿನ ಬೆಟ್ಟದಿಂದ ದರಕಿನ, ಅಂದ್ರೆ ಒಣಗಿದ ಎಲೆಯ, ಹೊರೆ ಇಳಿಸಿ ಕೂತಿದ್ರು, ಎಣ್ಣೆ ಹಚ್ಕೊಂಡಿದ್ರೂ ಬೆವರಿಗೆ ಎಲ್ಲ ತೊಳೆದು ಹೋಗಿತ್ತು, ಮೊಣಕಾಲ ಹಿಂದೆ ಎಳ್ಳಿನಷ್ಟು ಸಣ್ಣ ಮರಿ ಉಣುಗು ಕಚ್ಚಿ ಹಿಡ್ಕೊಂಡಿತ್ತು. ತೆಗೀತಾ ಹೇಳಿದ್ರು: "ಕಾಡಿಗೆ ಹೋಗ್ಬೇಡಿ ಅಂತ ಬೋರ್ಡ್ ಹಾಕ್ತ್ರು ತಮಾ, ಹೋಗ್ದೇ ಇದ್ರೆ ಕೊಟ್ಟಿಗೆಗೆ ಏನು ಹಾಕೂದು, ಒಲೆ ಉರ್ಸೂದು ಹ್ಯಾಂಗೆ?" ಡಿಸೆಂಬರಿಂದ ಮೇ ತನಕ ಈ ಉಣುಗಿನ ಕಾಲ, ದರಕು, ಕಟ್ಟಿಗೆ ಒಟ್ಟು ಮಾಡೂ ಕಾಲವೂ ಅದೇ. ಅಡಿಕೆ ತೋಟದ ಗೊಬ್ಬರ ನಿಂತಿರೂದೇ ಈ ಸೊಪ್ಪು ದರಕಿನ ಮೇಲೆ, ಅದನ್ನ ಹೊರೂದು ಮಾತ್ರ ಹೆಚ್ಚಾಗಿ ಕೂಲಿಯವರು. ತೋಟದ ಮಾಲೀಕರಾದ ನಾವೂ ಈ ಪ್ರಶ್ನೆಯಿಂದ ಹೊರಗಿಲ್ಲ.

ಜನಕ್ಕೆ ಅರಿವಿಲ್ಲ ಅನ್ನೂ ಮಾತು ಕೇಳಿದ್ರೆ ನನಗೆ ಸಿಟ್ಟು ಬರ್ತದೆ. ಅರಿವು ಅವರಿಗೇ ಹೆಚ್ಚು, ಮಂಗ ಸತ್ತ ವಾಸನೆ ಬಂದ ಕೂಡ್ಲೇ ಮೊದಲು ತಿಳಿಸೂದು ಅವರೇ.

ಈಗ ಕೇಂದ್ರದ ವೈದ್ಯಕೀಯ ಸಂಶೋಧನಾ ಮಂಡಳಿ ಐಸಿಎಂಆರ್ ಮತ್ತೆ ಇಂಡಿಯನ್ ಇಮ್ಯುನಾಲಜಿಕಲ್ಸ್ ಅನ್ನೂ ಲಸಿಕೆ ಕಂಪನಿ ಸೇರಿ ಹೊಸ ಲಸಿಕೆ ಮಾಡ್ತಿದಾರೆ, ಬಹಳ ಸಂತೋಷ. ರೋಗ ಈಗ ಕೇರಳ, ಗೋವಾ, ಮಹಾರಾಷ್ಟ್ರ ಎಲ್ಲ ಕಡೆ ಕಾಣಿಸಿಕೊಂಡಿದೆ, ಬೇಕೇ ಬೇಕು. ಆದ್ರೆ ಲಸಿಕೆ ನಿಜವಾಗಿ ತಡೀತದಾ ಅಂತ ಪರೀಕ್ಷೆ ಮಾಡ್ಬೇಕಾದ್ರೆ ರೋಗ ಇರೂ ಊರಿಗೇ ಬರಬೇಕು, ಅಂದ್ರೆ ನಮ್ಮಂಥ ಊರಿಗೆ. ಆಗ 2009-10ರಲ್ಲಿ ಆಗಿನ ಆಂಧ್ರದ ಖಮ್ಮಂನಲ್ಲಿ ಆಗಿದ್ದು ನೆನಪಿರಬೇಕು. ಗರ್ಭಕಂಠದ ಕ್ಯಾನ್ಸರ್ ತಡೆಯೂ ಎಚ್‌ಪಿವಿ ಲಸಿಕೆ ಅಧ್ಯಯನಕ್ಕೆ ಸೇರಿಸಿದ ಆದಿವಾಸಿ ಹುಡುಗಿಯರಲ್ಲಿ ಎಷ್ಟೋ ಜನರ ಒಪ್ಪಿಗೆ ಪತ್ರಕ್ಕೆ ಸಹಿ ಹಾಕಿದ್ದು ಅಪ್ಪ ಅಮ್ಮ ಅಲ್ಲ, ಹಾಸ್ಟೆಲ್ ವಾರ್ಡನ್‌ಗಳು. 2010ರಲ್ಲಿ ಅದನ್ನ ನಿಲ್ಲಿಸಿದ್ರು, 2013ರಲ್ಲಿ ಸಂಸತ್ತಿನ ಸ್ಥಾಯಿ ಸಮಿತಿ ಕಟುವಾಗಿ ವರದಿ ಕೊಡ್ತು. ಲಸಿಕೆ ಒಳ್ಳೇದೇ ಇತ್ತು, ಅಧ್ಯಯನದ ಹೊತ್ತಲ್ಲಿ ತೀರಿಕೊಂಡ ಕೆಲವು ಹುಡುಗಿಯರ ಸಾವಿಗೆ ಲಸಿಕೆ ಕಾರಣ ಅಂತ ತನಿಖೆಲಿ ಕಂಡು ಬರ್ಲಿಲ್ಲ. ಆದ್ರೂ ಕೇಳದೇ ಚುಚ್ಚಿದ್ದಕ್ಕೆ ಜನರ ನಂಬಿಕೆ ಕೆಟ್ಟಿತು.

ಹಾಗಾಗಿ ಟ್ರಯಲ್ ನಮ್ಮ ಕಡೆ ಬಂದ್ರೆ ಬೇಡ ಅನ್ನಬಾರ್ದು, ನಾನೇ ಮೊದಲು ತೋಳು ಕೊಡ್ತೇನೆ. ಆದ್ರೆ ಒಪ್ಪಿಗೆ ಕಾಗದವನ್ನ ನಾವು ಮಾತಾಡೂ ಕನ್ನಡದಲ್ಲಿ ಓದಿ ಹೇಳ್ಬೇಕು, ದರಕು ತರೂ ಅಕ್ಕನಿಗೆ ಬೇಡ ಅನ್ನೂ ಹಕ್ಕಿದೆ ಅಂತ ಅವರೆದುರೇ ಹೇಳ್ಬೇಕು, ಚುಚ್ಚಿಸಿಕೊಂಡ ದಿನದ ಕೂಲಿ ಯಾರು ಕೊಡ್ತಾರೆ, ಜ್ವರ ಬಂದ್ರೆ ಮಣಿಪಾಲಕ್ಕೋ ಶಿವಮೊಗ್ಗಕ್ಕೋ ಕರ್ಕೊಂಡು ಹೋಗೂ ಖರ್ಚು ಯಾರದ್ದು, ಲಸಿಕೆ ಗೆದ್ದ ಮೇಲೆ ಮೊದಲ ಬ್ಯಾಚು ಯಾವ ಊರಿಗೆ, ಇಷ್ಟನ್ನೂ ಬರವಣಿಗೆಲಿ ಕೊಡ್ಬೇಕು. ಈ ಸಲದ ಗ್ರಾಮಸಭೆಲಿ ಇದನ್ನ ಠರಾವು ಮಾಡಿ ತಾಲೂಕು ಆರೋಗ್ಯಾಧಿಕಾರಿಗೆ ಕಳಿಸೂದು ಅಂತ ನಾವು ಕೆಲವರು ಮಾತಾಡಿದ್ದೇವೆ, ಹೊನ್ನಾವರ, ಅಂಕೋಲಾ ಕಡೆಯವರೂ ನಿಮ್ಮ ನಿಮ್ಮ ಪಂಚಾಯ್ತಿಲಿ ಮಾಡಿಸಿ, ನವೆಂಬರ್ ಒಳಗೇ ಆದ್ರೆ ಒಳ್ಳೇದು.